ಜಪ್ತಿಯಾದ ಹೇಲು

ನಮ್ಮ ಗಾಡಿಯನ್ನು ಬ್ಯಾಂಕಿನವರು ಜಪ್ತಿ ಮಾಡಿ ಕೊಂಡೊಯ್ದ ದಿನ ಅದರ ಹೊಟ್ಟೆ ತುಂಬಿತ್ತು. ಏನು ತುಂಬಿತ್ತು ಅಂತ ಮೊದಲೇ ಹೇಳಿಬಿಡುತ್ತೇನೆ. ಹೇಲು. ಓದಿದವರು ತ್ಯಾಜ್ಯ ಅನ್ನುತ್ತಾರೆ, ಕಾಗದ ಬರೆಯುವವರು ಇನ್ನೂ ಏನೇನೋ ಅನ್ನುತ್ತಾರೆ. ಅವರು ಏನೇ ಹೆಸರಿಡಲಿ, ಎತ್ತುವವರು ನಾವೇ. ಮೂಗು ಮುಚ್ಚಿಕೊಳ್ಳುವವರು ಈಗಲೇ ಮುಚ್ಚಿಕೊಳ್ಳಿ. ಕಥೆ ಮುಗಿಯುವ ತನಕ ವಾಸನೆ ಹೋಗುವುದಿಲ್ಲ.

ನಮ್ಮದು ಪಾಯಿಖಾನೆ ಗುಂಡಿ ಖಾಲಿ ಮಾಡುವ ಗಾಡಿ. ಮುಂದೆ ಮೂವರು ಒತ್ತಿಕೊಂಡು ಕೂರುವಷ್ಟು ಜಾಗ. ಹಿಂದೆ ದುಂಡನೆಯ ಟ್ಯಾಂಕು, ಪಕ್ಕದಲ್ಲಿ ಮೋಟರು, ಮೇಲೆ ಸುರುಳಿ ಸುತ್ತಿದ ದಪ್ಪ ಪೈಪು. ಗಂಡ ಗಾಡಿ ಓಡಿಸುತ್ತಾನೆ, ನಾನು ಪೈಪು ಹಿಡಿಯುತ್ತೇನೆ. ಹಿಡಿಯುವುದು ಅಂದರೆ ಹೂವಿನ ಹಾರ ಹಿಡಿದ ಹಾಗಲ್ಲ. ಮೋಟರು ಎಳೆಯತೊಡಗಿದರೆ ಪೈಪು ಕೊಬ್ಬಿದ ಎತ್ತಿನ ಹಾಗೆ ಜಗ್ಗುತ್ತದೆ. ಕಾಲು ಊರಿ, ಹೆಗಲು ಕೊಟ್ಟು ನಿಲ್ಲಬೇಕು. ಚಿಂದಿ ಬಟ್ಟೆ, ಕೂದಲು, ಪ್ಲಾಸ್ಟಿಕ್ಕು ಬಂದು ಬಾಯಿ ಕಟ್ಟಿಕೊಂಡರೆ ಕೊಕ್ಕೆ ಹಾಕಿ ಕೀಳಬೇಕು. ಸಂಜೆಗೆ ನನ್ನ ಬಲಗಡೆ ಹೆಗಲು ಕಪ್ಪುಗಟ್ಟಿರುತ್ತದೆ. ಆದರೂ ಗುಂಡಿಗೆ ಇಳಿಯಬೇಕಾಗಿಲ್ಲ. ಅದೊಂದಕ್ಕಾಗಿಯೇ ನಾವು ಸಾಲ ಮಾಡಿದ್ದು.

ನನ್ನ ಮಾವ ಇಳಿಯುತ್ತಿದ್ದ. ಸೊಂಟಕ್ಕೆ ಹಗ್ಗ, ಕೈಯಲ್ಲಿ ಬಕೆಟ್ಟು. ಒಂದು ದಿನ ಇಳಿದವನು ಹತ್ತಲಿಲ್ಲ. ಹಗ್ಗ ಎಳೆದರೆ ಹಗ್ಗ ಮಾತ್ರ ಬಂತು. ಗುಂಡಿಯ ಮನೆಯವರು ಅತ್ತೆಗೆ ಹಳೆಯ ಬಟ್ಟೆ ಕೊಟ್ಟರು. ಕೂಲಿ ಅರ್ಧ ಕೊಟ್ಟರು. ಕೆಲಸ ಅರ್ಧಕ್ಕೇ ನಿಂತಿತಲ್ಲ, ಅದಕ್ಕೆ. ಕೇಸಾಗಲಿಲ್ಲ, ಕೇಳುವವರೂ ಇರಲಿಲ್ಲ. ಆಮೇಲೆ ಹೆಣದ ಜೊತೆ ಎತ್ತಿದ ಆ ಬಕೆಟ್ಟು ಮತ್ತು ಆ ಹಗ್ಗ ನಮ್ಮ ಅಟ್ಟದ ಮೇಲೆ ಇದ್ದವು. ಗಾಡಿ ಬಂದ ದಿನ ಅತ್ತೆ ಅವನ್ನು ಅಲ್ಲಿಗೆ ಎಸೆದು, "ಇನ್ನು ನಮ್ಮನೇಲಿ ಯಾರೂ ಇಳಿಯಂಗಿಲ್ಲ" ಅಂದಿದ್ದಳು.

ಸಾಲ ಕೊಟ್ಟಿದ್ದು ಬ್ಯಾಂಕು. ಸಾಲಕ್ಕೆ ಗಾಡಿಯೇ ಅಡಮಾನ. ಸಹಿ ಹಾಕುವ ದಿನ ನಾವು ಮೈ ತಿಕ್ಕಿ ತೊಳೆದು, ಒಗೆದ ಬಟ್ಟೆ ಹಾಕಿಕೊಂಡು ಹೋಗಿದ್ದೆವು. ಮ್ಯಾನೇಜರ್ ನಮ್ಮನ್ನು ಒಳಗೆ ಕರೆಯಲಿಲ್ಲ, ಹಿಂಬಾಗಿಲಿಗೆ ಬರಹೇಳಿದ. ಬರುವಾಗ ಕರವಸ್ತ್ರಕ್ಕೆ ಅತ್ತರು ಸುರಿದುಕೊಂಡು ಬಂದ. ಕಾಗದಗಳನ್ನು ನಮ್ಮ ಕೈಗೆ ಕೊಡದೆ ಮೆಟ್ಟಿಲ ಮೇಲೆ ಇಟ್ಟ, ಅದರ ಮೇಲೆ ಪೆನ್ನು ಇಟ್ಟ, ದೂರ ಸರಿದು ನಿಂತ. ನಾವು ಮಂಡಿಯೂರಿ ಸಹಿ ಹಾಕಿದೆವು. ಪೆನ್ನು ಹಿಂದಕ್ಕೆ ಕೊಡಲು ಹೋದರೆ, "ಇರಲಿ ಇರಲಿ, ನೀವೇ ಇಟ್ಕೊಳ್ಳಿ" ಅಂದ. ಮಹಾ ದಾನಶೂರ! ಅತ್ತೆ ಅವತ್ತೇ ಅವನಿಗೆ ಅತ್ತರು ಸಾಹೇಬ ಅಂತ ಹೆಸರಿಟ್ಟಳು.

ಕಂತು ಸರಿಯಾಗಿಯೇ ಕಟ್ಟುತ್ತಿದ್ದೆವು. ಆಮೇಲೆ ಊರಿನ ಆಡಳಿತ ಕಚೇರಿಯವರು ಬೀದಿ ಬೀದಿಯ ಗುಂಡಿ ಖಾಲಿ ಮಾಡಿಸಿಕೊಂಡು ನಮ್ಮ ಬಿಲ್ಲಿನ ದುಡ್ಡು ತಡೆಹಿಡಿದರು. ಕೇಳಿದರೆ "ಮೇಲಿಂದ ಬಂದಿಲ್ಲ" ಅಂದರು. ನಮ್ಮ ಕೆಲಸವೆಲ್ಲ ಕೆಳಗಿನದು, ದುಡ್ಡು ಮಾತ್ರ ಮೇಲಿಂದ ಬರಬೇಕಂತೆ. ಕಂತು ತಪ್ಪಿತು, ನೋಟಿಸು ಬಂತು. ಪಕ್ಕದ ಮನೆಯವರ ಹತ್ತಿರ ಓದಿಸಿದೆವು. ಬಾಕಿ ಕಟ್ಟಲು ವಾಯಿದೆ ಕೊಟ್ಟಿದ್ದರು. ವಾಯಿದೆ ಮುಗಿಯುವವರೆಗೆ ಗಾಡಿ ಮುಟ್ಟುವುದಿಲ್ಲ ಅಂತಲೂ ಬರೆದಿದ್ದರು. ನಾವು ನಂಬಿದೆವು. ಬರೆದದ್ದನ್ನೆಲ್ಲ ನಂಬುವುದು ಓದಲು ಬಾರದವರಿಗೆ ಬರುವ ರೋಗ.

ವಾಯಿದೆ ಇನ್ನೂ ಇರುವಾಗಲೇ ಅತ್ತರು ಸಾಹೇಬ ಫೋನು ಮಾಡಿದ. "ನಮ್ಮ ಕ್ವಾರ್ಟರ್ಸ್ ಗುಂಡಿ ತುಂಬಿದೆ. ಬಂದು ಖಾಲಿ ಮಾಡ್ಕೊಡಿ. ಕೂಲಿ ಕೈಗೇ ಕೊಡ್ತೀನಿ, ಕಂತಿಗೂ ಆಗುತ್ತೆ."

ಗಂಡನಿಗೆ ಖುಷಿಯೋ ಖುಷಿ. "ನೋಡಿದ್ಯಾ, ಮನುಷ್ಯ ಒಳ್ಳೇವ್ನೇ" ಅಂದ. ನಾವು ಹೋದೆವು. ಗುಂಡಿ ಹಳೆಯದು, ಎಷ್ಟೋ ಕಾಲದಿಂದ ಮುಟ್ಟಿರಲಿಲ್ಲ. ಒಂದೇ ಸಲಕ್ಕೆ ಮುಗಿಯುವಂಥದ್ದಲ್ಲ. ಬಿಸಿಲಲ್ಲಿ ಬೆವರು ಕಣ್ಣಿಗಿಳಿಯುತ್ತಿತ್ತು. ಅರ್ಧ ಗುಂಡಿ ಎಳೆಯುವಷ್ಟರಲ್ಲಿ ಟ್ಯಾಂಕು ಕಂಠಮಟ್ಟ ತುಂಬಿತು.

ನಮ್ಮ ಕಸುಬಿನಲ್ಲಿ ಒಂದು ಪದ್ಧತಿ ಇದೆ. ಟ್ಯಾಂಕು ತುಂಬಿದ ಕೂಡಲೇ ವಾಲ್ವಿಗೆ ಕೆಂಪು ಬಟ್ಟೆ ಕಟ್ಟುತ್ತೇವೆ. ಕೆಂಪು ಕಂಡರೆ ಆ ಗಾಡಿಯನ್ನು ಎಲ್ಲೂ ನಿಲ್ಲಿಸುವ ಹಾಗಿಲ್ಲ, ಮೊದಲು ಹೋಗಿ ಸುರಿದು ಬರಬೇಕು. ಬಿಸಿಲಿಗೆ ನಿಂತರೆ ಒಳಗೆ ಅನಿಲ ಕಟ್ಟುತ್ತದೆ, ಸಂದುಗೊಂದುಗಳಲ್ಲಿ ಜಿನುಗುತ್ತದೆ. ನಾನು ಕೆಂಪು ಬಟ್ಟೆ ಕಟ್ಟಿ, ಪೈಪು ಸುತ್ತುತ್ತಿದ್ದೆ. ಆಗ ಕಾಂಪೌಂಡಿನ ಹಿಂದಿನಿಂದ ಇಬ್ಬರು ಧಡಿಯರು ಬಂದರು. ಬ್ಯಾಂಕಿನ ವಸೂಲಿಯವರು.

"ಏಯ್, ಇಳಿಯೋ ಕೆಳಗೆ. ಗಾಡಿ ಜಪ್ತಿ" ಅಂತ ಒಬ್ಬ ನನ್ನ ಗಂಡನ ಕೊರಳಪಟ್ಟಿ ಹಿಡಿದು ಎಳೆದ.

"ವಾಯಿದೆ ಇದೆ ಅಣ್ಣಾ" ಅಂದ ಗಂಡ.

"ಅದೆಲ್ಲ ಬ್ಯಾಂಕಿಗೆ ಹೇಳ್ಕೋ."

"ಬ್ಯಾಂಕು ಅಲ್ಲೇ ಮಹಡಿ ಮೇಲೆ ನಿಂತಿದೆಯಲ್ಲಪ್ಪಾ!" ಅಂತ ನಾನು ಕೈ ತೋರಿಸಿದೆ. ಅತ್ತರು ಸಾಹೇಬ ಮೇಲಿನಿಂದ ನೋಡುತ್ತಿದ್ದ. ನಾನು ಕೈ ಎತ್ತಿದ್ದೇ ತಡ, ಒಳಗೆ ಹೋಗಿ ಬಾಗಿಲು ಹಾಕಿಕೊಂಡ.

"ಟ್ಯಾಂಕು ತುಂಬಿದೆ ಕಣ್ರಪ್ಪೋ! ಸುರಿದು ಬರ್ತೀವಿ, ಆಮೇಲೆ ತಗೊಂಡು ಹೋಗಿ" ಅಂತ ಕೂಗಿದೆ.

"ದೂರ ನಿಂತ್ಕೊಂಡು ಮಾತಾಡು. ನಾತ" ಅಂದ ಇನ್ನೊಬ್ಬ. ಅವನು ನಮ್ಮ ಕೆಂಪು ಬಟ್ಟೆಯನ್ನು ಬಿಚ್ಚಿದ. ಗಂಡ ಹಿಡಿದಿದ್ದ ಸ್ಟೇರಿಂಗನ್ನು ಅದರಲ್ಲಿ ಒರೆಸಿ ಶುದ್ಧಮಾಡಿದ. ಕೂತಿದ್ದ ಸೀಟನ್ನೂ ಒರೆಸಿದ. ಆಮೇಲೆ ಅದೇ ಬಟ್ಟೆಯಲ್ಲಿ ತನ್ನ ಮುಖದ ಬೆವರು ಒರೆಸಿಕೊಂಡ. ಆ ಬಟ್ಟೆ ಎಲ್ಲೆಲ್ಲಿ ಒದ್ದೆಯಾಗಿ ಬಂದಿತ್ತು ಅಂತ ನನಗೆ ಗೊತ್ತಿತ್ತು. ನಾನು ಹೇಳಲಿಲ್ಲ. ದೂರ ನಿಂತಿದ್ದೆನಲ್ಲ.

ಗಾಡಿ ಹೋಯಿತು. ಕೂಲಿ ಕೊಡಲು ಯಾರೂ ಕೆಳಗೆ ಬರಲಿಲ್ಲ. ನಡೆದುಕೊಂಡು ಮನೆಗೆ ಹೋಗುವಾಗ ನನಗೆ ಹೊಳೆಯಿತು. ಈ ಮನುಷ್ಯನಿಗೆ ಗಾಡಿಯೂ ಬೇಕಿತ್ತು, ಗುಂಡಿಯೂ ಬಿಟ್ಟಿಯಾಗಿ ಖಾಲಿಯಾಗಬೇಕಿತ್ತು. ನಾವು ಬಂದ ಕೂಡಲೇ ಹಿಡಿದಿದ್ದರೆ ಖಾಲಿ ಗಾಡಿ ಸಿಗುತ್ತಿತ್ತು. ಆಸೆಬುರುಕ, ತುಂಬುವ ತನಕ ಕಾದ.

ಕೋರ್ಟಿಗೆ ಹೋಗಿ ಅಂದವಳು ಬಿಟ್ಟಿಯಾಗಿ ಕೇಸು ನಡೆಸುವ ಒಬ್ಬ ವಕೀಲಮ್ಮ. ಸಣ್ಣ ವಯಸ್ಸು, ಕಂಕುಳ ತುಂಬ ಕಡತ, ಓಡಾಟದಲ್ಲೇ ಮಾತು. ನೋಟಿಸು ನೋಡಿದವಳೇ, "ವಾಯಿದೆ ಮುಗಿಯೋ ಮೊದಲೇ ಹಿಡಿದಿದ್ದಾರೆ. ಇಷ್ಟು ಸಾಕು" ಅಂದಳು. ಬೇರೇನೂ ಕೇಳಲು ಅವಳಿಗೆ ಪುರುಸೊತ್ತಿರಲಿಲ್ಲ.

ಜಡ್ಜ್ ಸಾಹೇಬರ ಮುಂದೆ ಅವಳು ತಾರೀಕು ತೋರಿಸಿ ವಾದಿಸಿದಳು. ಬ್ಯಾಂಕಿನ ವಕೀಲ ಎದ್ದ. ಮಡಿಕೆ ಮುರಿಯದ ಕೋಟು, ಹೊಳೆಯುವ ಬೂಟು. "ಸ್ವಾಮಿ, ವಿಚಾರಣೆ ಮುಗಿಯೋ ತನಕ ಗಾಡಿ ಬ್ಯಾಂಕಿನ ಅಂಗಳದಲ್ಲೇ ಇರಲಿ. ಅದರಲ್ಲಿರೋ ಯಾವ ವಸ್ತುವನ್ನೂ ತೆಗೀಬಾರದು ಅಂತ ಆಜ್ಞೆಯಾಗಲಿ. ಇಂಥವರು ರಾತ್ರೋರಾತ್ರಿ ಬಿಡಿಭಾಗ ಕಳಚಿ ಮಾರ್ಕೋತಾರೆ" ಅಂದ.

ಇಂಥವರು! ನನಗೆ ಮೈಯೆಲ್ಲ ಉರಿಯಿತು. ಆದರೂ ಎದ್ದು ನಿಂತು, ಕೈ ಮುಗಿದು, "ಸ್ವಾಮಿ, ಆ ಗಾಡಿಯೊಳಗೆ" ಅನ್ನುವಷ್ಟರಲ್ಲಿ ಬಾಗಿಲಲ್ಲಿದ್ದ ಪೇದೆ, "ಏಯ್, ಕೂತ್ಕೋ!" ಅಂತ ಗದರಿದ. ಜಡ್ಜ್ ಸಾಹೇಬರು ತಲೆ ಎತ್ತದೆ, "ನಿಮ್ಮ ಪರವಾಗಿ ವಕೀಲರಿದ್ದಾರೆ, ಕೂತ್ಕೊಳ್ಳಿ" ಅಂದರು. ನಾನು ಕೂತೆ.

ಆಜ್ಞೆ ಆಯಿತು. ಗಾಡಿ ಎಲ್ಲಿದೆಯೋ ಅಲ್ಲೇ, ಹೇಗಿದೆಯೋ ಹಾಗೇ ಇರಬೇಕು. ಬ್ಯಾಂಕು ಮಾರುವ ಹಾಗಿಲ್ಲ, ನಾವು ಒಯ್ಯುವ ಹಾಗಿಲ್ಲ. ಅದರೊಳಗಿರುವ ಯಾವುದನ್ನೂ ಎರಡೂ ಕಡೆಯವರು ತೆಗೆಯಬಾರದು. ಕೋರ್ಟಿನ ರಜೆ ಮುಗಿದ ಮೇಲೆ ಮುಂದಿನ ವಿಚಾರಣೆ.

ಹೊರಗೆ ಬಂದ ಮೇಲೆ ವಕೀಲಮ್ಮನಿಗೆ ಒಳಗೇನಿದೆ ಅಂತ ಹೇಳಿದೆ. ಅವಳು ಒಂದು ಗಳಿಗೆ ನನ್ನ ಮುಖವನ್ನೇ ನೋಡಿದಳು. ಆಮೇಲೆ ಗೋಡೆಗೆ ಒರಗಿ, ಕಡತಗಳನ್ನು ಎದೆಗವಚಿಕೊಂಡು ನಗತೊಡಗಿದಳು. ಕಣ್ಣಲ್ಲಿ ನೀರು ಬರುವ ತನಕ ನಕ್ಕಳು. "ಈಗ ಅದು ಕೋರ್ಟಿನ ಆಜ್ಞೆ. ನೀವು ಮುಟ್ಟಿದ್ರೂ ತಪ್ಪು, ಅವರು ಮುಟ್ಟಿದ್ರೂ ತಪ್ಪು. ಕೇಳಿಕೊಂಡೋರು ಅವರೇ. ಸುಮ್ನೆ ಮನೇಲಿರಿ" ಅಂದಳು.

ಸುಮ್ಮನಿದ್ದೆವು. ಬಿಸಿಲು ಸುಮ್ಮನಿರಲಿಲ್ಲ.

ಸುದ್ದಿ ತರುತ್ತಿದ್ದವನು ಬ್ಯಾಂಕಿನ ವಾಚ್‌ಮನ್. ನಮ್ಮ ಹಿಂದಿನ ಬೀದಿಯವನು. ಗಾಡಿಯನ್ನು ಅತ್ತರು ಸಾಹೇಬನ ಕಾರಿನ ಪಕ್ಕದಲ್ಲೇ ನಿಲ್ಲಿಸಿದ್ದರಂತೆ. ಮೊದಲು ನೊಣ ಬಂದವು. ಆಮೇಲೆ ಟ್ಯಾಂಕು ಒಳಗೊಳಗೇ ಗೊರಗೊರ ಅನ್ನತೊಡಗಿತು. ಆಮೇಲೆ ವಾಲ್ವು ಜಿನುಗಿತು. ಜಿನುಗಿದ್ದು ಇಳಿಜಾರು ಹಿಡಿದು ಕಾರಿನ ಅಡಿಗೆ ಹೋಯಿತು. ಕಿಟಕಿ ಮುಚ್ಚಿದರೆ ಸೆಕೆ, ತೆರೆದರೆ ನಾತ. ಸಾಲ ಕೇಳಲು ಬಂದವರು ಬಾಗಿಲಲ್ಲೇ ಬೇಡ ಅಂತ ತಿರುಗಿ ಹೋದರಂತೆ. "ನಂಗೇನೂ ಕಷ್ಟ ಇಲ್ಲಮ್ಮ. ನೆಗಡಿ" ಅಂದ ವಾಚ್‌ಮನ್. ನಾವು ಹೊಟ್ಟೆ ಹಿಡಿದುಕೊಂಡು ನಕ್ಕೆವು.

ಆದರೆ ಹಿಡಿದುಕೊಂಡ ಹೊಟ್ಟೆಗೆ ಹಿಟ್ಟು ಬೇಕಲ್ಲ. ಗಾಡಿ ಇಲ್ಲದೆ ಕೂಲಿ ಇಲ್ಲ. ಅಂಗಡಿಯವನು ಉದ್ದರಿ ನಿಲ್ಲಿಸಿದ. ಆ ಹೊತ್ತಿಗೆ ಸರಿಯಾಗಿ ಒಬ್ಬ ಹೋಟೆಲಿನವನು ಗಂಡನಿಗೆ ಹೇಳಿಕಳಿಸಿದ. ಗಾಡಿ ಇಲ್ಲದಿದ್ದರೇನಂತೆ, ಹಳೇ ಥರ ಬಾ, ಎರಡರಷ್ಟು ಕೊಡುತ್ತೇನೆ ಅಂತ. ನಾನು ನೀರು ಹಿಡಿದು ಬರುವಾಗ ಗಂಡ ಅಟ್ಟದಿಂದ ಬಕೆಟ್ಟು, ಹಗ್ಗ ಇಳಿಸಿದ್ದ. ಅಂಗಳದಲ್ಲಿ ಕೂತು ಹಗ್ಗವನ್ನು ಜಗ್ಗಿ ಜಗ್ಗಿ ನೋಡುತ್ತಿದ್ದ, ಗಟ್ಟಿ ಇದೆಯೋ ಇಲ್ಲವೋ ಅಂತ. ಅತ್ತೆ ಹೊಸ್ತಿಲ ಮೇಲೆ ಕೂತು ಅದನ್ನೇ ನೋಡುತ್ತಿದ್ದಳು. ಅವಳ ಬಾಯಿ ಯಾವತ್ತೂ ಸುಮ್ಮನಿರುವ ಬಾಯಲ್ಲ. ಅವತ್ತು ಸುಮ್ಮನಿತ್ತು. ನನಗೆ ನಿಜಕ್ಕೂ ಹೆದರಿಕೆಯಾಗಿದ್ದು ಆಗ. ಸಾಲಕ್ಕೆ ನಾನು ಅಷ್ಟು ಹೆದರಿರಲಿಲ್ಲ.

ಅಷ್ಟರಲ್ಲಿ ಬೀದಿಯಲ್ಲಿ ಅತ್ತರಿನ ಘಮ ಬಂತು. ಅದರ ಹಿಂದೆ ಅತ್ತರು ಸಾಹೇಬ ಬಂದ. ಕಾರಿನಲ್ಲಲ್ಲ, ನಡೆದುಕೊಂಡು. ಜೀವಮಾನದಲ್ಲಿ ನಮ್ಮ ಬೀದಿಗೆ ಅವನು ಕಾಲಿಟ್ಟಿದ್ದು ಅದೇ ಮೊದಲು. ಅತ್ತೆ ಮಣೆ ತಂದು ಹಾಕಿ, "ಕೂತ್ಕೊಳ್ಳಿ ಸ್ವಾಮಿ, ನೀರು ಕುಡೀತೀರಾ?" ಅಂದಳು. ಅವನು ನಿಂತೇ ಇದ್ದ, ನೀರೂ ಬೇಡ ಅಂದ.

"ನೋಡಿ, ಆದದ್ದು ಆಗಿಹೋಯ್ತು" ಅಂತ ತಗ್ಗಿದ ದನಿಯಲ್ಲಿ ಶುರುಮಾಡಿದ. "ಗಾಡಿ ಅಲ್ಲಾಡಿಸೋ ಹಾಗಿಲ್ಲ. ಮೋಟರು ಹಾಕಿದ್ರೆ ಸದ್ದಾಗುತ್ತೆ, ಎಲ್ಲರಿಗೂ ಗೊತ್ತಾಗುತ್ತೆ. ಬ್ಯಾಂಕು ಬಾಗಿಲು ಹಾಕಿದ ಮೇಲೆ ಬನ್ನಿ. ಮೇಲಿನ ಮುಚ್ಚಳ ತೆಗೆದು, ಬಕೆಟ್ಟಲ್ಲಿ ಎತ್ತಿ ಹಿಂದಿನ ಮೋರಿಗೆ ಹಾಕ್ಬಿಡಿ. ಬಡ್ಡಿ ವಿಷಯ ನಾನು ನೋಡ್ಕೋತೀನಿ."

"ಬಕೆಟ್ಟಲ್ಲಿ ಅಂದ್ರೆ ಟ್ಯಾಂಕೊಳಗೆ ಇಳೀಬೇಕಾಗುತ್ತೆ ಸಾರ್" ಅಂದ ಗಂಡ.

"ಇಳೀರಿ. ನಿಮಗೆ ಅಭ್ಯಾಸ ಇದೆಯಲ್ಲ."

ಅತ್ತೆ ಮೆಲ್ಲಗೆ, "ಅಭ್ಯಾಸ ಇದ್ದೋನು ಗುಂಡೀಲೇ ಹೋದ ಸ್ವಾಮಿ" ಅಂದಳು.

ಅವನಿಗೆ ಅದು ಕೇಳಿಸಿತೋ ಇಲ್ಲವೋ. ಗಂಡನನ್ನೇ ನೋಡುತ್ತಿದ್ದ. ಗಂಡ ಬಕೆಟ್ಟು ನೋಡಿದ, ಖಾಲಿ ಒಲೆ ನೋಡಿದ, ತಲೆ ತಗ್ಗಿಸಿದ. "ಆಗ್ಲಿ ಸಾರ್" ಅಂದ.

ನಾನು ಎದ್ದೆ. ಗಂಡನ ಮುಂದಿದ್ದ ಬಕೆಟ್ಟನ್ನು ಎತ್ತಿ ಅತ್ತರು ಸಾಹೇಬನ ಕೈಗೆ ತುರುಕಿದೆ. ಏನು ಕೊಡುತ್ತಿದ್ದೇನೆ ಅಂತ ನೋಡುವ ಮೊದಲೇ ಅವನು ಹಿಡಿದುಕೊಂಡುಬಿಟ್ಟಿದ್ದ. ಕೊಟ್ಟದ್ದನ್ನು ಹಿಡಿದುಕೊಳ್ಳುವುದು ಬ್ಯಾಂಕಿನವರಿಗೆ ರೂಢಿ.

"ನೀವು ಇಳೀರಿ ಸಾರ್" ಅಂದೆ. "ನೀವು ಜಪ್ತಿ ಮಾಡಿದ ಗಾಡಿ. ನಿಮ್ಮ ಅಂಗಳ. ಒಳಗಿರೋದು ನಿಮ್ಮನೆ ಹೇಲು. ಇದರಲ್ಲಿ ನಮ್ಮದೇನಿದೆ?"

"ಬಾಯಿ ಬಿಗಿ ಹಿಡಿದು ಮಾತಾಡು."

"ಬಿಗಿ ಹಿಡಿದೇ ಮಾತಾಡ್ತಿದೀನಿ. ಇಳೀಬಾರ್ದು ಅಂತ ಸಾಲ ಮಾಡಿದ್ವಿ. ಇಳಿಯೋದಾದ್ರೆ ನಿಮ್ಮ ಸಾಲ ಯಾಕೆ ಬೇಕಿತ್ತು ನಮಗೆ? ಬಡ್ಡಿ ಹಾಕ್ಕೊಳ್ಳಿ, ಗಾಡಿ ಹರಾಜು ಹಾಕಿ, ಏನಾದ್ರೂ ಮಾಡ್ಕೊಳ್ಳಿ. ನಾವು ಇಳಿಯಲ್ಲ." ಗಂಡನ ಕಡೆ ತಿರುಗಿದೆ. "ರೀ, ಕೇಳಿಸ್ತಾ? ನಿಮ್ಮ ಸೊಂಟಕ್ಕೆ ಆ ಹಗ್ಗ ಕಟ್ಟಿದ ದಿನ ನಾನು ಈ ಮನೇಲಿರಲ್ಲ. ಉಪವಾಸ ಸತ್ತರೆ ಮೂವರೂ ಒಟ್ಟಿಗೆ ಸಾಯೋಣ. ಅವರ ಹೇಲಲ್ಲಿ ಮಾತ್ರ ಬೇಡ."

ಗಂಡ ನನ್ನನ್ನು ನೋಡಿದ. ಹಗ್ಗ ಅವನ ಕೈಯಿಂದ ಜಾರಿತು. ಆಮೇಲೆ ಅವನು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಅತ್ತ. ನನಗೂ ಅಳು ಬಂತು. ಆ ಮನುಷ್ಯನ ಎದುರು ಅಳಬಾರದು ಅಂತ ಹಲ್ಲು ಕಚ್ಚಿ ನಿಂತೆ.

"ಕೋರ್ಟಲ್ಲಿ ನೋಡ್ಕೋತೀನಿ ನಿಮ್ಮನ್ನ" ಅಂದ ಅತ್ತರು ಸಾಹೇಬ.

ಅತ್ತೆಗೆ ಅಷ್ಟು ಹೊತ್ತಿಗೆ ಬಾಯಿ ಮರಳಿ ಬಂದಿತ್ತು. "ನೋಡ್ಕೊಳ್ಳಿ ಸ್ವಾಮಿ. ಮಾಡಿದ್ದುಣ್ಣೋ ಮಹರಾಯ ಅಂತ ಗಾದೆ. ಉಣ್ಣೋದೂ ಬಿಡೋದೂ ನಿಮಗೆ ಬಿಟ್ಟಿದ್ದು!"

ಅವನು ಧುಮುಗುಡುತ್ತಾ ಹೊರಟ. ಕೋಪದಲ್ಲಿ ಕೈಯಲ್ಲಿದ್ದ ಬಕೆಟ್ಟು ಇಡುವುದು ಮರೆತಿದ್ದ. ಶರ್ಟು, ಟೈ, ಬಕೆಟ್ಟು, ಅತ್ತರು, ಎಲ್ಲ ಸಮೇತ ಬೀದಿಯುದ್ದಕ್ಕೂ ನಡೆದ. ಯಾರೋ ಬಾಗಿಲಿನಿಂದ ಕೂಗಿದರು: "ಸಾರ್, ನಮ್ಮನೇದೂ ತುಂಬಿದೆ, ನಾಳೆ ಬರ್ತೀರಾ?"

ರಜೆ ಮುಗಿಯುವುದನ್ನು ಬ್ಯಾಂಕು ಕಾಯಲಿಲ್ಲ. ತುರ್ತು ಅಂತ ಅರ್ಜಿ ಹಾಕಿತು. ನಾವು ಮೂವರೂ ಹೋದೆವು. ಅದೇ ಜಡ್ಜ್ ಸಾಹೇಬರು, ಅದೇ ಬ್ಯಾಂಕಿನ ವಕೀಲ. ಮಡಿಕೆ ಈಗ ಸ್ವಲ್ಪ ಮುರಿದಿತ್ತು.

"ಗಾಡಿಯನ್ನ ಸಾಲಗಾರರಿಗೆ ಕೊಡೋಕೆ ಬ್ಯಾಂಕಿನ ತಕರಾರಿಲ್ಲ ಸ್ವಾಮಿ. ಸಾಧ್ಯವಾದರೆ ಇವತ್ತೇ" ಅಂದ.

"ಇದೇನ್ರೀ? ಅವತ್ತು ಅದರಲ್ಲಿರೋ ಒಂದು ನಟ್ಟೂ ಅಲ್ಲಾಡಬಾರದು ಅಂತ ಹಟ ಹಿಡಿದ್ರಿ" ಅಂದರು ಜಡ್ಜ್ ಸಾಹೇಬರು.

"ಅದರಲ್ಲಿ ಒಂದು ರೀತಿಯ ದ್ರವಪದಾರ್ಥ ಇದೆ ಸ್ವಾಮಿ."

"ಎಣ್ಣೆಯಾ?"

"ಅಲ್ಲ ಸ್ವಾಮಿ."

"ಹಾಲಾ?"

ಹಿಂದೆ ಯಾರೋ ಕಿಸಕ್ಕೆಂದರು. ವಕೀಲ, "ಜೈವಿಕ ಸ್ವರೂಪದ, ಗೃಹಬಳಕೆಯ ನಂತರದ" ಅಂತ ಅಡ್ಡಗೋಡೆಯ ಮೇಲೆ ದೀಪ ಇಡುತ್ತಾ ಹೋದ. ಕೋರ್ಟಿನಲ್ಲಿ ಅಷ್ಟು ಕಾನೂನು ಹೇಳಿದವನಿಗೆ ದಿನಾ ಬೆಳಿಗ್ಗೆ ತಾನೇ ಮಾಡುವುದರ ಹೆಸರು ಬಾಯಿಗೆ ಬರಲಿಲ್ಲ. ಕೊನೆಗೆ ಜಡ್ಜ್ ಸಾಹೇಬರು ನನ್ನ ಕಡೆ ತಿರುಗಿದರು. "ಏನಮ್ಮಾ, ನೀವು ಹೇಳಿ."

ನಾನು ಎದ್ದೆ. ಪೇದೆಯನ್ನು ಒಂದು ಸಲ ನೋಡಿದೆ. ಅವನು ಸುಮ್ಮನಿದ್ದ.

"ಹೇಲು, ಸ್ವಾಮಿ."

ಇಡೀ ಕೋಣೆ ಗೊಳ್ಳೆಂದಿತು. ಜಡ್ಜ್ ಸಾಹೇಬರೂ ಕನ್ನಡಕ ತೆಗೆದು ಒರೆಸುವ ನೆಪ ಮಾಡಿದರು. "ಎಲ್ಲಿಂದ ತುಂಬಿದ್ದು?" ಅಂದರು.

"ಮ್ಯಾನೇಜರ್ ಸಾಹೇಬರ ಕ್ವಾರ್ಟರ್ಸಿಂದ. ಅವರೇ ಫೋನು ಮಾಡಿ ಕರೆಸಿದ್ರು. ತುಂಬೋ ತನಕ ಕಾದು, ಆಮೇಲೆ ಹಿಡಿಸಿದ್ರು."

"ಕೂಲಿ ಕೊಟ್ಟರಾ?"

"ಇಲ್ಲ ಸ್ವಾಮಿ. ಮೊನ್ನೆ ಮನೆಗೆ ಬಂದು, ಟ್ಯಾಂಕೊಳಗೆ ಇಳಿದು ಬಕೆಟ್ಟಲ್ಲಿ ಎತ್ತಿ ಅಂದ್ರು."

ನಗು ನಿಂತಿತು. ಜಡ್ಜ್ ಸಾಹೇಬರು ಕನ್ನಡಕ ಹಾಕಿಕೊಂಡರು. ಅತ್ತರು ಸಾಹೇಬ ತನ್ನ ಬೂಟು ನೋಡಿಕೊಳ್ಳುತ್ತಿದ್ದ. "ಇದನ್ನೆಲ್ಲ ಮೊದಲ ದಿನವೇ ಯಾಕೆ ಹೇಳಲಿಲ್ಲ?" ಅಂತ ಜಡ್ಜ್ ಸಾಹೇಬರು ನನ್ನನ್ನು ಕೇಳಿದರು.

"ಹೇಳೋಕೆ ಎದ್ದೆ ಸ್ವಾಮಿ. ಕೂರಿಸಿದ್ರಿ."

ಅವರು ಪೆನ್ನು ಎತ್ತಿಕೊಂಡರು. ಸ್ವಲ್ಪ ಹೊತ್ತು ಬರೆದರು. ಆಮೇಲೆ ಓದಿದರು. ವಾಯಿದೆ ಇರುವಾಗ ಜಪ್ತಿ ಮಾಡಿದ್ದು ತಪ್ಪು. ಗಾಡಿ ಇವತ್ತೇ ನಮ್ಮ ಕೈಗೆ ಬರಬೇಕು. ಬಾಕಿಯನ್ನು ಸಣ್ಣ ಸಣ್ಣ ಕಂತು ಮಾಡಿಕೊಡಬೇಕು. ಗಾಡಿ ನಿಂತಿದ್ದ ದಿನಗಳಿಗೆ ಬಡ್ಡಿ ಇಲ್ಲ. ಕ್ವಾರ್ಟರ್ಸಿನ ಕೂಲಿಯನ್ನು ಬ್ಯಾಂಕು ಕೊಡಬೇಕು.

ವಕೀಲಮ್ಮ ನನ್ನ ಕೈ ಹಿಡಿದು ಕುಲುಕಿದಳು. ನನ್ನ ಗಂಡ ಕೋರ್ಟಿನ ಮೆಟ್ಟಿಲ ಮೇಲೆ ನಿಂತು ಸಿಕ್ಕಸಿಕ್ಕವರಿಗೆಲ್ಲ ಕೈ ಮುಗಿಯುತ್ತಿದ್ದ. ಅತ್ತೆ ಮಾತ್ರ ನಗಲಿಲ್ಲ. ಕಟ್ಟಡವನ್ನು ಮೇಲಿಂದ ಕೆಳಗೆ ನೋಡಿ, "ನಿನ್ನ ಮಾವ ಹೋದಾಗಲೂ ಈ ಕೋರ್ಟು ಇಲ್ಲೇ ಇತ್ತಲ್ಲೇ. ಆಗ ಇವರ ಮೂಗಿಗೆ ಏನಾಗಿತ್ತು?" ಅಂದಳು. ಕೋರ್ಟು ಪರಿಹಾರ ಕೊಟ್ಟಿತು, ಸುಳ್ಳಲ್ಲ. ಆದರೆ ನಮ್ಮ ಹಸಿವಿಗೆ ಅಂತ ಯಾರೂ ತುರ್ತು ಅರ್ಜಿ ಹಾಕಿರಲಿಲ್ಲ.

ಬ್ಯಾಂಕಿನ ಅಂಗಳಕ್ಕೆ ಹೋದೆವು. ಗಾಡಿ ನಮ್ಮನ್ನು ಕಂಡು ಗೊರ್ ಅಂದಿತು. ಕಿಟಕಿಗಳಲ್ಲೆಲ್ಲ ಮೂಗು ಮುಚ್ಚಿಕೊಂಡ ಮುಖಗಳು. ವಾಚ್‌ಮನ್ ಕೆಂಪು ಬಟ್ಟೆಯನ್ನು ಎತ್ತಿಟ್ಟಿದ್ದ. ನಾನು ಅದನ್ನು ಮತ್ತೆ ವಾಲ್ವಿಗೆ ಕಟ್ಟಿದೆ. ಗಂಡ, ಅತ್ತೆ ಹತ್ತಿ ಕೂತರು.

ಅತ್ತರು ಸಾಹೇಬ ಹಿಂಬಾಗಿಲಿಗೆ ಬಂದ. ಗಾಡಿ ತಲುಪಿತು ಅಂತ ಸಹಿ ಬೇಕಿತ್ತು. ಒಂದು ಕೈಯಲ್ಲಿ ಕರವಸ್ತ್ರ ಮೂಗಿಗೆ ಒತ್ತಿಕೊಂಡು, ಕಾಗದವನ್ನು ಅದೇ ಮೆಟ್ಟಿಲ ಮೇಲೆ ಇಟ್ಟ. ಅದರ ಮೇಲೆ ಪೆನ್ನು ಇಟ್ಟ. ದೂರ ಸರಿದು ನಿಂತ.

ನಾನು ನಿಂತಲ್ಲೇ ನಿಂತೆ. "ಕೈಗೆ ಕೊಡಿ" ಅಂದೆ.

"ಅಲ್ಲೇ ಇದೆಯಲ್ಲ."

"ನಾನು ಬಗ್ಗಲ್ಲ. ಕೈಗೆ ಕೊಡಿ."

ಅವನು ನನ್ನನ್ನು ನೋಡಿದ. ನಾನು ಅವನನ್ನು ನೋಡಿದೆ. ಗಂಡ ಇಂಜಿನ್ ಶುರುಮಾಡಿದ. ಟ್ಯಾಂಕು ಅಲುಗಿ ಒಳಗಿದ್ದದ್ದೆಲ್ಲ ಕದಡಿ, ಅಂಗಳದಲ್ಲಿ ಹೊಸ ನಾತ ಎದ್ದಿತು. ಕಿಟಕಿಯಿಂದ ಗುಮಾಸ್ತರು ಕೂಗಿದರು: "ಕೊಟ್ಟು ಕಳಿಸಿ ಸಾರ್, ದಮ್ಮಯ್ಯ!"

ಅತ್ತರು ಸಾಹೇಬ ಬಗ್ಗಿದ. ಕಾಗದ ಎತ್ತಿ ನನ್ನ ಕೈಗೆ ಕೊಟ್ಟ. ಪೆನ್ನೂ ಕೊಟ್ಟ. ನಾನು ಗಾಡಿಯ ಬಾಗಿಲಿಗೆ ಕಾಗದ ಒತ್ತಿ, ನಿಂತುಕೊಂಡೇ, ನಿಧಾನವಾಗಿ ಸಹಿ ಹಾಕಿದೆ. ಪೆನ್ನು ಅವನ ಕಡೆ ಚಾಚಿದೆ. ಅವನು ಕೈ ಮುಂದೆ ಮಾಡಲಿಲ್ಲ. ನಾನೂ ಹಿಂದೆ ತೆಗೆದುಕೊಳ್ಳಲಿಲ್ಲ. ಕೊನೆಗೆ ಅವನು ತೆಗೆದುಕೊಂಡ.

ನಾನು ಗಾಡಿ ಹತ್ತುವಾಗ ಅವನು ಹಿಂದಿನಿಂದ ಕರೆದ. ದನಿ ಸಣ್ಣದಾಗಿತ್ತು. "ಕ್ವಾರ್ಟರ್ಸ್ ಗುಂಡಿ ಇನ್ನೂ ಅರ್ಧ ಹಾಗೇ ಇದೆ. ಅದನ್ನ ಏನು ಮಾಡೋದು?"

ಅತ್ತೆ ಕಿಟಕಿಯಿಂದ ತಲೆ ಹೊರಗೆ ಹಾಕಿದಳು.

"ಬಕೆಟ್ಟು ನಿಮ್ಮ ಹತ್ರಾನೇ ಇದೆಯಲ್ಲ ಸ್ವಾಮಿ!"